ಚಿತ್ರ ಬರೆಯದ ಅನಿಮೆ ನಿರ್ದೇಶಕ

ಜಪಾನಿನ ಅನಿಮೇಷನ್ ಸಂಸ್ಥೆ ಘಿಬ್ಲಿ ಸ್ಟುಡಿಯೊ ಎಂದೊಡನೆ ನಿರ್ದೇಶಕ ಹಯಾವೊ ಮಿಯಾಜಾಕಿ ನೆನಪಾಗುತ್ತಾರೆ. ಅವರ ಹಿರಿಯ ಒಡನಾಡಿ ಇಸಾವೊ ತಕಾಹತ (1935–2018) ಚಿತ್ರಕಾರರೇ ಅಲ್ಲ. ಟೋಕಿಯೊ ವಿಶ್ವವಿದ್ಯಾಲಯದಲ್ಲಿ ಫ್ರೆಂಚ್ ಸಾಹಿತ್ಯ ಓದುವಾಗ ಪಾಲ್ ಗ್ರಿಮೋ ಅವರ ಅನಿಮೇಷನ್ ಚಿತ್ರಕ್ಕೆ ಮನಸೋತು, 1959ರಲ್ಲಿ ತೋಯೆ ಅನಿಮೇಷನ್ ಕಂಪನಿ ಸೇರಿದರು. ತಮ್ಮದೇ ಕೈಯ ಶೈಲಿಯೊಂದು ಇಲ್ಲದ್ದರಿಂದಲೇ ಅವರು ಒಂದೊಂದು ಕಥೆಗೂ ಹೊಸ ಗೆರೆ ಹುಡುಕುತ್ತ ಹೋದರೆಂದು ನನಗನ್ನಿಸುತ್ತದೆ.

ಮೊದಲ ಚಿತ್ರ 'ಹೋರಸ್' (1968) ವರ್ಷಗಟ್ಟಲೆ ಎಳೆದು, ಚಿತ್ರಮಂದಿರಗಳಲ್ಲಿ ಸೋತಿತು. ತೋಯೆಯಲ್ಲಿ ಅವರಿಗೆ ಮತ್ತೊಂದು ಚಿತ್ರ ದಕ್ಕಲಿಲ್ಲ. ಅಲ್ಲಿಂದ ಹೊರಬಿದ್ದವರು ಕಿರುತೆರೆಗೆ 52 ಕಂತುಗಳ 'ಹೈದಿ'ಯನ್ನು (1974) ಮಾಡಿದರು. ಅದಕ್ಕಾಗಿ ತಂಡ ಸ್ವಿಟ್ಜರ್ಲೆಂಡಿಗೇ ಹೋಗಿ ಬೆಟ್ಟ, ಮನೆ, ದಾರಿಗಳನ್ನು ನೋಡಿ ಬಂದಿತ್ತು. ಮೇಕೆ ಮೇಯಿಸುವುದು, ಬೆಂಕಿಯೆದುರು ಚೀಸ್ ಕರಗುವುದು ಇಂಥ ನಿತ್ಯದ ಕೆಲಸಗಳೇ ಕಥೆಯಾಗಬಲ್ಲವೆಂದು ವಾರವಾರವೂ ತೋರಿಸಿಕೊಟ್ಟ ಧಾರಾವಾಹಿ ಅದು.

1945ರ ಜೂನ್ 29ರಂದು ಒಕಯಾಮಾ ನಗರದ ಮೇಲೆ ಬಾಂಬು ಬಿದ್ದಾಗ ತಕಾಹತ ಒಂಬತ್ತು ವರ್ಷದ ಹುಡುಗ. ಸೋದರಿಯ ಜೊತೆ ಉರಿಯುವ ಬೀದಿಗಳಲ್ಲಿ ಓಡಿ ಬದುಕಿಕೊಂಡರು. 'ಗ್ರೇವ್ ಆಫ್ ದ ಫೈರ್‌ಫ್ಲೈಸ್' (1988) ಅಕಿಯುಕಿ ನೊಸಾಕಾ ಅವರ ಕಥೆಯಾದರೂ, ಆ ಬೆಂಕಿ ಕಂಡವರ ಕಣ್ಣು ಚಿತ್ರದಲ್ಲಿದೆ. ಪಾತ್ರಗಳ ಅಂಚಿಗೆ ವಾಡಿಕೆಯ ಕಪ್ಪು ಬಿಟ್ಟು ಕಂದು ಬಳಸಿದ್ದರಿಂದ ಮೈ, ಮಣ್ಣು, ಹೊಗೆ ಒಂದರೊಳಗೊಂದು ಬೆರೆಯುತ್ತವೆ. ಪೆಪ್ಪರಮಿಂಟು ಮುಗಿದ ಡಬ್ಬಿಗೆ ನೀರು ತುಂಬಿ, ಅದರ ತಳದಲ್ಲಿ ಉಳಿದ ಸಿಹಿಯನ್ನು ಅಣ್ಣ ಸೇತ ತಂಗಿಗೆ ಕುಡಿಸುತ್ತಾನೆ. ಇದು ಯುದ್ಧವಿರೋಧಿ ಚಿತ್ರವೆಂಬ ಮಾತನ್ನು ತಕಾಹತ ಒಪ್ಪಲಿಲ್ಲ. ಅದರಲ್ಲಿ ಅರ್ಥವಿದೆ: ಚಿಕ್ಕಮ್ಮನ ಮನೆಯಿಂದ ಸ್ವಾಭಿಮಾನದಿಂದ ಹೊರನಡೆದ ಸೇತನ ನಿರ್ಧಾರವೂ ಅಣ್ಣ-ತಂಗಿಯ ಸಾವುಗಳಲ್ಲಿ ಪಾಲುದಾರ. ಕಣ್ಣೀರಿನ ಭರದಲ್ಲಿ ನಾವು ಇದನ್ನು ಮರೆಯುತ್ತೇವೆ.

ಮುಂದೆ ಗೆರೆ ಹಗುರವಾಗುತ್ತ ಹೋಯಿತು. 'ಓನ್ಲಿ ಯೆಸ್ಟರ್‌ಡೇ'ಯಲ್ಲಿ (1991) ನಾಯಕಿಯ ಬಾಲ್ಯದ ದೃಶ್ಯಗಳ ಅಂಚು ಬಿಳಿಯಲ್ಲಿ ಮಾಸಿಹೋಗುತ್ತದೆ. ಪೂರ್ತಿ ಕಂಪ್ಯೂಟರಿನಲ್ಲೇ ಸಿದ್ಧವಾದ ಘಿಬ್ಲಿಯ ಮೊದಲ ಚಿತ್ರ 'ಯಮಾದಾಸ್' (1999) ಜಲವರ್ಣದಂತೆ ಕಾಣುತ್ತದೆ. ಅದೂ ಓಡಲಿಲ್ಲ.

ಹದಿನಾಲ್ಕು ವರ್ಷಗಳ ನಂತರ ಬಂದದ್ದು 'ಪ್ರಿನ್ಸೆಸ್ ಕಗುಯಾ' (2013), ಬಿದಿರಿನೊಳಗೆ ಸಿಕ್ಕ ಹುಡುಗಿಯ ಹಳೆಯ ಜಪಾನೀ ಕಥೆ. ಅರಮನೆಯಂಥ ಮನೆಯಿಂದ ಅವಳು ಓಡುವಾಗ ಒಂದೊಂದೇ ಮೇಲುಡುಗೆ ಕಳಚಿ ಬೀಳುತ್ತದೆ, ಗೆರೆಗಳು ಇದ್ದಿಲಲ್ಲಿ ಗೀಚಿದಂತೆ ಒಡೆಯುತ್ತವೆ, ಮುಖವೂ ಕದಡುತ್ತದೆ. ನಾನು ಕಂಡ ಅನಿಮೇಷನ್‌ನಲ್ಲಿ ಕೋಪವನ್ನು ಇಷ್ಟು ನೇರವಾಗಿ ಮೂಡಿಸಿದ ದೃಶ್ಯ ಇನ್ನೊಂದಿಲ್ಲ. ಆಸ್ಕರ್ ನಾಮನಿರ್ದೇಶನ ಸಿಕ್ಕರೂ ಜಪಾನಿನಲ್ಲಿ ಹಾಕಿದ ಹಣ ಮರಳಲಿಲ್ಲ. ಅವರು ನಿರ್ದೇಶಿಸಿದ ಕೊನೆಯ ಚಿತ್ರ ಅದೇ.

ತಕಾಹತರನ್ನು ಹೊಸದಾಗಿ ನೋಡುವವರು 'ಫೈರ್‌ಫ್ಲೈಸ್'ನಿಂದ ತೊಡಗುವುದು ಬೇಡ. 'ಓನ್ಲಿ ಯೆಸ್ಟರ್‌ಡೇ'ಯಲ್ಲಿ ಒಂದು ಕುಟುಂಬ ಮೊದಲ ಸಲ ಅನಾನಸ್ ತಂದು, ಹೇಗೆ ಕೊಯ್ಯುವುದೆಂದು ತಿಳಿಯದೆ ಅದರ ಸುತ್ತ ಕೂರುತ್ತದೆ. ಅಲ್ಲಿಂದ ಶುರುಮಾಡಲಿ.