ರಾಜಾಜಿನಗರ–ಜಯನಗರ ಮೆಟ್ರೋ: ಕೈಬಿಟ್ಟ ಒಂದು ಯೋಜನೆಯ ಚರಿತ್ರೆ

ನಗರಗಳ ಚರಿತ್ರೆಯನ್ನು ಬರೆಯುವವರು ಕಟ್ಟಿದುದನ್ನು ವರ್ಣಿಸುವುದು ವಾಡಿಕೆ. ಕಟ್ಟದೆ ಕೈಬಿಟ್ಟುದನ್ನು ಪರಿಶೀಲಿಸುವುದು ವಿರಳ. ಆದರೆ ದಕ್ಷಿಣ ಬೆಂಗಳೂರಿನ ಬೆಳವಣಿಗೆಯನ್ನು ಅರಿಯಬೇಕಾದರೆ, ಕಾಗದದ ಮೇಲೆಯೇ ಹುಟ್ಟಿ ಅಲ್ಲಿಯೇ ಅಳಿದ ಒಂದು ರೈಲುಮಾರ್ಗವನ್ನು ಕುರಿತು ವಿಚಾರಮಾಡುವುದು ಅವಶ್ಯಕ. ಅದು 1983ರಲ್ಲಿ ಸೂಚಿತವಾದ ರಾಜಾಜಿನಗರ–ಜಯನಗರ ಮೆಟ್ರೋ ಮಾರ್ಗ.

ಜಯನಗರಕ್ಕೆ 1948ರಲ್ಲಿ ಶಂಕುಸ್ಥಾಪನೆ ಮಾಡಿದವರು ಅಂದಿನ ಗವರ್ನರ್ ಜನರಲ್ ಸಿ. ರಾಜಗೋಪಾಲಾಚಾರಿಯವರು, ಅಶೋಕಸ್ತಂಭ ಇಂದಿಗೂ ಅದರ ಗುರುತು. ಮಾರ್ಗದ ಇನ್ನೊಂದು ತುದಿಯ ಬಡಾವಣೆ ಅವರ ಹೆಸರನ್ನೇ ಹೊತ್ತಿರುವುದು ಆಕಸ್ಮಿಕವಾದರೂ ಗಮನಾರ್ಹ. ವಿಶಾಲವಾದ ಬೀದಿಗಳಿಗೂ ಉದ್ಯಾನಗಳಿಗೂ ಇಲ್ಲಿ ಸ್ಥಳವಿತ್ತು. ರೈಲಿಗೆ ಮಾತ್ರ ಯಾರೂ ಸ್ಥಳ ಕಾಯ್ದಿರಿಸಿರಲಿಲ್ಲ. 1971ರಲ್ಲಿ ಸುಮಾರು 16.5 ಲಕ್ಷವಿದ್ದ ಬೆಂಗಳೂರಿನ ಜನಸಂಖ್ಯೆ 1981ರ ಜನಗಣತಿಯಲ್ಲಿ 29 ಲಕ್ಷವನ್ನು ಮೀರಿತು.

ಆ ವರ್ಷವೇ ದಕ್ಷಿಣ ರೈಲ್ವೆಯ ಮಹಾನಗರ ಸಾರಿಗೆ ಯೋಜನಾ ವಿಭಾಗವು ನಗರದ ಸಂಚಾರದ ಅಧ್ಯಯನಕ್ಕೆ ತೊಡಗಿ, 1983ರಲ್ಲಿ ತನ್ನ ಸಲಹೆಯನ್ನು ಮುಂದಿಟ್ಟಿತು. ರಾಜಾಜಿನಗರದಿಂದ ಜಯನಗರಕ್ಕೆ 12.9 ಕಿಲೋಮೀಟರ್, ಹಡ್ಸನ್ ವೃತ್ತದಿಂದ ಕೃಷ್ಣರಾಜಪುರಕ್ಕೆ 11.3 ಕಿಲೋಮೀಟರ್ ಮೆಟ್ರೋ. ಜೊತೆಗೆ ಮೂರು ಉಪನಗರ ರೈಲುಮಾರ್ಗಗಳು ಮತ್ತು 58 ಕಿಲೋಮೀಟರಿನ ವರ್ತುಲ ರೈಲು. ಒಟ್ಟು ಅಂದಾಜು 650 ಕೋಟಿ ರೂಪಾಯಿ.

ಕೇಂದ್ರ ಸರ್ಕಾರ ಇದನ್ನು ಕೈಗೆತ್ತಿಕೊಳ್ಳಲಿಲ್ಲ. ಏಕೆ? ಕಲ್ಕತ್ತೆಯ ಮೆಟ್ರೋವಿಗೆ 1972ರಲ್ಲಿ ಶಂಕುಸ್ಥಾಪನೆಯಾಗಿದ್ದರೂ ಅದರ ಮೊದಲ ಭಾಗ ತೆರೆದದ್ದು 1984ರಲ್ಲಿ. ಆ ಅನುಭವ ಹೊಸ ಸಾಹಸಕ್ಕೆ ಉತ್ತೇಜನ ಕೊಡುವಂತಿರಲಿಲ್ಲವೆಂದು ಊಹಿಸಬಹುದು. ಅದಕ್ಕಿಂತ ಮುಖ್ಯವಾದುದು ಹೊಣೆಯ ಪ್ರಶ್ನೆ. ಯೋಜನೆ ರೈಲ್ವೆಯದು, ಪ್ರಯೋಜನ ನಗರದ್ದು, ಹಣ ಯಾರದೆಂಬುದು ಇತ್ಯರ್ಥವಾಗಿರಲಿಲ್ಲ. 1986ರಲ್ಲಿ ನಗರಸಾರಿಗೆಯ ಹೊಣೆಯೇ ರೈಲ್ವೆಯಿಂದ ನಗರಾಭಿವೃದ್ಧಿ ಮಂತ್ರಾಲಯಕ್ಕೆ ವರ್ಗವಾಯಿತು. ಹೆತ್ತವರು ಕೈಬಿಟ್ಟ ಕೂಸನ್ನು ಎತ್ತಿಕೊಳ್ಳುವವರು ಬೇಗ ಸಿಗಲಿಲ್ಲ.

1993ರಲ್ಲಿ ರಾಜ್ಯ ಸರ್ಕಾರದ ಸಮಿತಿಯೊಂದು ಮತ್ತೆ ಅದೇ ಮೆಟ್ರೋವನ್ನು ಶಿಫಾರಸು ಮಾಡಿತು. ಮರುವರ್ಷ ಇದಕ್ಕಾಗಿ ಒಂದು ಕಂಪನಿಯೂ ಸ್ಥಾಪಿತವಾಯಿತು. ಖಾಸಗಿ ಸಹಭಾಗಿತ್ವದಲ್ಲಿ ಕಂಬಗಳ ಮೇಲೆ ಹಗುರ ರೈಲನ್ನು ಓಡಿಸುವ ಆಲೋಚನೆ ನಡೆದು, ಅದೂ ಕೈಗೂಡಲಿಲ್ಲ. ದೆಹಲಿ ಮೆಟ್ರೋ ನಿಗಮ 2003ರಲ್ಲಿ ವಿಸ್ತೃತ ವರದಿಯನ್ನು ಸಿದ್ಧಪಡಿಸಿದ ಮೇಲೆಯೇ, 2006ರಲ್ಲಿ, ಕೇಂದ್ರದ ಒಪ್ಪಿಗೆ ದೊರೆಯಿತು.

ಕೊನೆಗೆ 2017ರ ಜೂನಿನಲ್ಲಿ ರಾಜಾಜಿನಗರವೂ ಜಯನಗರವೂ ಒಂದೇ ಹಸಿರು ಮಾರ್ಗದಲ್ಲಿ ಕೂಡಿಕೊಂಡವು. ಆಗ 1983ರ ಸಲಹೆಗೆ ಮೂವತ್ತನಾಲ್ಕು ವರ್ಷ ತುಂಬಿತ್ತು. ಆ ಸಲಹೆಯನ್ನು ಅವ್ಯವಹಾರ್ಯವೆಂದು ತಳ್ಳಿಹಾಕುವವರು ಈ ಸಂಗತಿಯನ್ನು ಗಮನಿಸಬೇಕು: ದಿಕ್ಕು ತಪ್ಪಿರಲಿಲ್ಲ, ಕಾಲ ಮಾತ್ರ ಕೈತಪ್ಪಿತು. ಅಷ್ಟರಲ್ಲಿ ಬನಶಂಕರಿ, ಜೆ.ಪಿ. ನಗರ, ಬಿ.ಟಿ.ಎಂ. ಬಡಾವಣೆಗಳು ರೈಲಿಲ್ಲದೆಯೇ ತುಂಬಿಕೊಂಡು, ಸ್ವಂತ ವಾಹನಗಳನ್ನೇ ನೆಚ್ಚಿಕೊಂಡಿದ್ದವು. ಪೇಟೆಯ ಕೆಳಗೆ ಸುರಂಗದಲ್ಲಿ ಸಾಗುವ ಮಾರ್ಗ ನ್ಯಾಷನಲ್ ಕಾಲೇಜಿನ ಬಳಿ ಮೇಲೆದ್ದು, ಜಯನಗರವನ್ನು ಕಂಬಗಳ ಮೇಲೆ ಹಾಯುತ್ತದೆ. ಅದಕ್ಕಾಗಿ ನಂದಾ ರಸ್ತೆಯ ಮರಗಳನ್ನು ಕಡಿಯಹೊರಟಾಗ, 2009ರಲ್ಲಿ, ನಾಗರಿಕರು ಬೀದಿಗಿಳಿದು ಪ್ರತಿಭಟಿಸಿದರು. ಮರಗಳು ಉಳಿಯಲಿಲ್ಲ.

1983ರ ಸಲಹೆಯಲ್ಲಿದ್ದ ಉಪನಗರ ರೈಲಿನ ಕಲ್ಪನೆಗೆ, ಬೇರೊಂದು ರೂಪದಲ್ಲಿ, ಕೇಂದ್ರದ ಮಂಜೂರಾತಿ ದೊರೆತದ್ದು 2020ರಲ್ಲಿ. ಶಂಕುಸ್ಥಾಪನೆಯಾದದ್ದು 2022ರ ಜೂನಿನಲ್ಲಿ.