ಸೊಂಟನೋವಿಗೊಂದು ಸಂಕೇತ

ಸೊಂಟ ಹಿಡಿದುಕೊಂಡು ವೈದ್ಯರ ಬಳಿ ಹೋಗುತ್ತೀರಿ. ದಾಖಲೆಯಲ್ಲಿ ನಿಮ್ಮ ನೋವು ಏನಾಗುತ್ತದೆ ಗೊತ್ತೆ? ಒಂದು ಸಂಕೇತ. 1893ರಲ್ಲಿ ಫ್ರಾನ್ಸಿನ ಜಾಕ್ ಬರ್ಟಿಯಾನ್ ಮಂಡಿಸಿದ್ದು ಸಾವಿನ ಕಾರಣಗಳ ಪಟ್ಟಿ. ಸೊಂಟನೋವಿನಿಂದ ಯಾರೂ ಸಾಯುವುದಿಲ್ಲವಲ್ಲ! ಕೊಲ್ಲದ ಕಾಯಿಲೆಗಳಿಗೂ ಅದರಲ್ಲಿ ವಿಸ್ತಾರವಾಗಿ ಜಾಗ ದೊರೆತದ್ದು 1948ರ ಆರನೆಯ ಪರಿಷ್ಕರಣೆಯಲ್ಲಿ, ಹೊಣೆ ವಿಶ್ವ ಆರೋಗ್ಯ ಸಂಸ್ಥೆಗೆ ಬಂದಾಗ. 1990ರಲ್ಲಿ ಅಂಗೀಕೃತವಾದ ಹತ್ತನೆಯ ಪರಿಷ್ಕರಣೆಯಲ್ಲಿ ಸೊಂಟನೋವು ಎಂ54.5 ಆಯಿತು.

ಅಮೆರಿಕ ತನ್ನ ಆವೃತ್ತಿಯಲ್ಲಿ ಇದನ್ನು 2021ರ ಅಕ್ಟೋಬರ್ 1ರಿಂದ ಮೂರಾಗಿ ಒಡೆಯಿತು: ಕಶೇರುಮೂಲದ ನೋವಿಗೆ ಎಂ54.51, ಇತರ ಬಗೆಗೆ ಎಂ54.59, ಅನಿರ್ದಿಷ್ಟಕ್ಕೆ ಎಂ54.50. ಹಳೆಯ ಸಂಕೇತ ಅಲ್ಲಿನ ವಿಮಾ ಬಿಲ್ಲಿಗೆ ಅಮಾನ್ಯ. ಕೊನೆಯ ಸೊನ್ನೆಯನ್ನು ವೈದ್ಯರ ಅಸಡ್ಡೆ ಎಂದುಕೊಳ್ಳಬೇಡಿ. ಬಹುಪಾಲು ಸೊಂಟನೋವಿಗೆ ಎಕ್ಸ್‌ರೇ ತೆಗೆದರೂ ಖಚಿತ ಕಾರಣ ಸಿಗದು. 2022ರಲ್ಲಿ ಜಾರಿಗೆ ಬಂದ ಹನ್ನೊಂದನೆಯ ಪರಿಷ್ಕರಣೆಯಂತೂ ಸೊಂಟನೋವನ್ನು ರೋಗಲಕ್ಷಣಗಳ ಅಧ್ಯಾಯಕ್ಕೇ ಸೇರಿಸಿದೆ.