ಅನುನಾಸಿಕ

ನಮ್ಮ ಬೆಳಗಾವಿ ಜಿಲ್ಲೆಯ ಅರಭಾವಿಯಲ್ಲಿ ಕಿತ್ತೂರು ರಾಣಿ ಚನ್ನಮ್ಮನ ಹೆಸರನ್ನು ಹೊತ್ತ ತೋಟಗಾರಿಕೆ ಮಹಾವಿದ್ಯಾಲಯವೊಂದುಂಟು. ಹಳಗನ್ನಡದ ಕವಿಗಳಲ್ಲೊಬ್ಬನು ಎದ್ದುಬಂದು ಅದರ ಹೆಸರಿನಲ್ಲಿರುವ ‘ತೋಟ’ವೆಂಬ ಎರಡಕ್ಷರದ ಮಾತನ್ನು ಓದುವಂತಾದರೆ, ನಡುವಣ ಸೊನ್ನೆಯೊಂದು ಅಳಿಸಿಹೋಗಿದೆಯೆಂದು ಫಲಕ ಬರೆದವನನ್ನು ಆಕ್ಷೇಪಿಸದೆ ಇರನು. ಅವನ ಕಾಲಕ್ಕೆ ಅದು ‘ತೋಂಟ’. ಗದುಗಿನ ತೋಂಟದಾರ್ಯ ಮಠದ ಹೆಸರಿನಲ್ಲಿಯೂ, ಕಗ್ಗೆರೆಯ ತೋಟವೊಂದರಲ್ಲಿ ತಪಸ್ಸಿಗೆ ಕುಳಿತದ್ದರಿಂದಲೇ ಆ ಹೆಸರು ಪಡೆದ ತೋಂಟದ ಸಿದ್ಧಲಿಂಗ ಯತಿಗಳ ಹೆಸರಿನಲ್ಲಿಯೂ ಆ ಸೊನ್ನೆ ಇಂದಿಗೂ ಉಳಿದುಬಂದಿದೆ; ಗುರುವಿನ ಹೆಸರನ್ನು ಮುಟ್ಟಲು ಅಂಜಿದ ಜನ, ಬದನೆ ಬಾಳೆ ಬೆಳೆಯುವ ನೆಲದ ಹೆಸರನ್ನು ಮಾತ್ರ ಯಾವ ಅಂಜಿಕೆಯೂ ಇಲ್ಲದೆ ಸವೆಸಿಬಿಟ್ಟರು. ಘಟಪ್ರಭೆಯ ದಂಡೆಯ ರೈತನ ಬಾಯಲ್ಲಂತೂ ಅದು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ ‘ತ್ವಾಟ’ವಾಗಿ ನಿಂತಿದೆ. ತೋಂಟದಿಂದ ಹೀಗೆ ಜಾರಿಹೋದ ಧ್ವನಿಯ ಜಾತಿಗೆ ವ್ಯಾಕರಣದವರು ಇಟ್ಟ ಹೆಸರು ಅನುನಾಸಿಕ. ಈ ಮಾತಿನ ಬಾಳುವೆಯನ್ನು ಸ್ವಲ್ಪ ಸಾವಕಾಶವಾಗಿ ನೋಡುವುದು ನನ್ನ ಉದ್ದೇಶ.

ಅನು ಎಂದರೆ ಅನುಸರಿಸಿ, ನಾಸಿಕೆ ಎಂದರೆ ಮೂಗು. ಮೂಗನ್ನು ಅನುಸರಿಸಿ ಹೊರಡುವ ಧ್ವನಿ ಎಂದಿಷ್ಟಕ್ಕೆ ಅರ್ಥ ಮುಗಿಯಬಹುದಾಗಿತ್ತು. ಆದರೆ ಪಾಣಿನಿಯು ಅಷ್ಟಕ್ಕೆ ತೃಪ್ತನಾಗದೆ, ಬಾಯಿ ಮತ್ತು ಮೂಗು ಎರಡೂ ಕೂಡಿ ನುಡಿಯುವ ವರ್ಣಕ್ಕೆ ಮಾತ್ರ ಈ ಸಂಜ್ಞೆಯೆಂದು ಅಷ್ಟಾಧ್ಯಾಯಿಯ ಮೊದಲ ಪಾದದಲ್ಲಿಯೇ ವಿಧಿಸಿದ್ದಾನೆ. ಈ ವಿಧಿಯ ಸೂಕ್ಷ್ಮತೆ ಬಾಯಿಯ ಒಳಗನ್ನು ಬಲ್ಲವರಿಗೆ ಹೆಚ್ಚು ಮೆಚ್ಚಾಗುತ್ತದೆ. ಅಂಗುಳಿನ ಹಿಂದಿನ ಮೆದುಭಾಗ ಮೇಲೆದ್ದು ಮೂಗಿನ ಹಾದಿಯನ್ನು ಮುಚ್ಚಿಕೊಂಡಾಗ ಉಸಿರೆಲ್ಲ ಬಾಯಿಂದಲೇ ಹೊರಬಿದ್ದು ಬಕಾರ ಹುಟ್ಟುತ್ತದೆ. ಅದೇ ಭಾಗ ಕೆಳಗಿಳಿದು ಹಾದಿಯನ್ನು ತೆರೆದರೆ, ತುಟಿಗಳು ಬಕಾರಕ್ಕೆ ಕೂಡಿದಂತೆಯೇ ಕೂಡಿದ್ದರೂ ಮಕಾರವಾಗುತ್ತದೆ. ಎಂದರೆ ಸ್ಥಾನವನ್ನು ಗೊತ್ತುಮಾಡುವುದು ಬಾಯಿ, ನಾದವನ್ನು ಹೊರಗೆ ಬಿಡುವುದು ಮೂಗು. ಬಾಯಿಯ ಪಾಲಿಲ್ಲದೆ ಮೂಗೊಂದೇ ಮಾಡುವ ಸದ್ದುಗಳೂ ಉಂಟಷ್ಟೆ: ಸೀನು, ಸುಸ್ಕಾರ, ಗೊರಕೆ. ಇವುಗಳಲ್ಲಿ ಗೊರಕೆಯಂತೂ ಊರಿಗೆಲ್ಲ ಕೇಳಿಸುವಷ್ಟು ಸ್ಪಷ್ಟೋಚ್ಚಾರವುಳ್ಳದ್ದಾದರೂ ವರ್ಣಮಾಲೆಯಲ್ಲಿ ಅದಕ್ಕೆ ಎಡೆ ದೊರೆಯಲಿಲ್ಲ.

ಎಡೆ ದೊರೆತವು ಐದು: ಙ, ಞ, ಣ, ನ, ಮ. ಈ ಭಾಗದ ಮಕ್ಕಳು ಅಂಕಲಿಪಿಯನ್ನು ಹಿಡಿದು ವರ್ಗೀಯ ವ್ಯಂಜನಗಳನ್ನು ರಾಗವಾಗಿ ಒಪ್ಪಿಸುವಾಗ ಪ್ರತಿ ಸಾಲಿನ ಕೊನೆಗೂ ಒಂದು ಅನುನಾಸಿಕ ಬಂದು ನಿಲ್ಲುತ್ತದೆ. ಆದರೆ ‘ಕಮಲ’, ‘ಗಡಿಗೆ’ ಎಂದು ಚಿತ್ರಸಹಿತವಾಗಿ ಸಾಗುವ ಆ ಪುಸ್ತಕ ಙಕಾರದ ಬಳಿ ಬಂದಾಗ ಮಾತ್ರ ಚಿತ್ರವಿಲ್ಲದೆ ಬಡವಾಗುತ್ತದೆ, ಏಕೆಂದರೆ ಙಕಾರದಿಂದ ಮೊದಲಾಗುವ ಪದಾರ್ಥ ಈ ಲೋಕದಲ್ಲಿ ಅಂಕಲಿಪಿಯವರಿಗೆ ಸಿಕ್ಕಿಲ್ಲ. ಬಡಪಾಯಿ ಙಕಾರಕ್ಕೆ ಕನ್ನಡದಲ್ಲಿ ಇರುವ ಉದ್ಯೋಗ ‘ವಾಙ್ಮಯ’ವೊಂದೇ ಎನ್ನಬಹುದು, ಅಲ್ಲಿಯೂ ಅದರ ಶಕ್ತಿಯಲ್ಲಿ ನಂಬಿಕೆಯಿಲ್ಲದ ಲೇಖಕರು ಹಿಂದೊಂದು ಸೊನ್ನೆಯನ್ನು ಬೆಂಬಲಕ್ಕಿಟ್ಟು ‘ವಾಂಙ್ಮಯ’ವೆಂದು ಬರೆದು ಅದರ ಮಾನ ಕಳೆಯುತ್ತಾರೆ. ಉಳಿದ ಕೆಲಸವನ್ನೆಲ್ಲ ಕಸಿದುಕೊಂಡದ್ದು ಆ ಸೊನ್ನೆಯೇ. ಗಂಗೆ, ಪಂಚಮಿ, ಗಂಟೆ, ದಂತ, ಕಂಬ ಎಂಬ ಐದು ಮಾತುಗಳಲ್ಲಿ ಬರೆಯುವ ಗುರುತು ಒಂದೇ, ನುಡಿಯುವ ಧ್ವನಿ ಐದು. ಓಲೆಗರಿಯ ಲಿಪಿಕಾರರು ಇನ್ನೂ ಧಾರಾಳಿಗಳಾಗಿದ್ದು ‘ತಮ್ಮ’ನನ್ನು ‘ತಂಮ’ನೆಂದೂ ‘ಎನ್ನ’ವನ್ನು ‘ಎಂನ’ವೆಂದೂ ಬರೆದರು. ಇದಕ್ಕೆ ವಿರುದ್ಧವಾದ ನಡೆಯೂ ಇದೆ: ತೆಂಕಣ ಸೀಮೆಯ ‘ಕಮ್ಮಾರ’ನ ಮೂಗಿನ ಮಕಾರಕ್ಕೆ ಇಲ್ಲಿ ಬಾಯಿಯ ಬಕಾರವೊಂದು ಜೊತೆಯಾಗಿ ‘ಕಂಬಾರ’ನಾದನು, ಹುಕ್ಕೇರಿ ತಾಲ್ಲೂಕಿನ ಘೋಡಗೇರಿಯ ಚಂದ್ರಶೇಖರ ಕಂಬಾರರಿಂದ ಆ ರೂಪ ಜ್ಞಾನಪೀಠದವರೆಗೂ ಹೋಗಿಬಂದಿತು.

ಕನ್ನಡಿಗರಲ್ಲಿ ಬಹುಮಂದಿಗೆ ಅನುನಾಸಿಕವೆಂಬ ಮಾತು ಪರಿಚಯವಾಗುವುದು ಸಂಧಿಪ್ರಕರಣದಲ್ಲಿ, ಜಶ್ತ್ವ ಶ್ಚುತ್ವಗಳೆಂಬ ಕಠಿಣಾಕ್ಷರಗಳ ನೆರೆಯಲ್ಲಿ. ಷಟ್ ಮುಖ ಕೂಡಿ ಷಣ್ಮುಖ, ಜಗತ್ ನಾಥ ಕೂಡಿ ಜಗನ್ನಾಥ. ಪರೀಕ್ಷೆ ಮುಗಿದ ಮೇಲೆ ಆ ಮಾತನ್ನು ಮತ್ತೆ ಬಾಯಿಗೆ ತಂದುಕೊಳ್ಳುವವರು ವಿರಳ. ಮೂಡಲಗಿಯ ಕಡೆಯ ‘ಸಣ್ಮುಕಪ್ಪ’ನಿಗೆ ತನ್ನ ಹೆಸರಿನಲ್ಲೊಂದು ಸಂಧಿಯಿದೆಯೆಂಬುದನ್ನು ಹೇಳಿದರೆ ಅವನು ನಕ್ಕಾನು.

ಶಾಲೆಯ ಹೊರಗೆ ಇದೇ ಸಂಗತಿಯನ್ನು ಜನ ಹೇಳುವ ಬಗೆ ಬೇರೆ. “ಮೂಗಿನ್ಯಾಗ ಮಾತಾಡಾಕತ್ತಾನ” ಎನ್ನುತ್ತಾರೆ. ಈ ಆಡುಮಾತು ಬಹು ಮುಗ್ಧವಾಗಿ ಎರಡು ವಿರುದ್ಧ ದೋಷಗಳನ್ನು ಒಂದೇ ಕಟ್ಟಿನಲ್ಲಿ ಕಟ್ಟಿರುವುದನ್ನು ಕಂಡು ನನಗೆ ವಿನೋದವೆನಿಸುತ್ತದೆ. ಅಂಗುಳಿನ ಮೆದುಭಾಗ ಸರಿಯಾಗಿ ಮೇಲೇಳದ ಕಾರಣ ಸ್ವರಗಳೆಲ್ಲ ಮೂಗಿಗೆ ಹರಿದುಹೋಗುವವನಿಗೂ ಆ ಮಾತೇ. ನೆಗಡಿಯಾಗಿ ಮೂಗು ಕಟ್ಟಿದವನಿಗೂ ಆ ಮಾತೇ. ವಾಸ್ತವವಾಗಿ ನೆಗಡಿಯವನು ಮೂಗಿನಲ್ಲಿ ಮಾತಾಡುತ್ತಿಲ್ಲ, ಮಾತಾಡಲಾರದೆ ಇದ್ದಾನೆ. ಅವನ ಮಕಾರ ಬಕಾರದ ಕಡೆಗೂ ನಕಾರ ದಕಾರದ ಕಡೆಗೂ ವಾಲಿ, ‘ನಮ್ಮ ಮನಿ’ ಎಂದವನ ಮಾತು ‘ದಬ್ಬ ಬದಿ’ ಎಂಬಂತೆ ಕೇಳಿಸುತ್ತದೆ. ಅನುನಾಸಿಕದ ಬೆಲೆಯನ್ನು ತಿಳಿಯಲು ವ್ಯಾಕರಣ ಓದಬೇಕಾಗಿಲ್ಲ. ಮಾರ್ಗಶಿರದ ಗಾಳಿಗೆ ಎರಡು ದಿನ ತಲೆಯೊಡ್ಡಿದರೆ ಸಾಕು.

ಗಾಯನದಲ್ಲಿ ಈ ಮಾತಿಗೆ ಒದಗಿದ ಗತಿ ಬೇರೊಂದು. ಬೆಳಗಾವಿಯ ಸೀಮೆಯೂ ಅಧೀನವಾಗಿದ್ದ ದೇವಗಿರಿಯ ಯಾದವರ ಆಶ್ರಯದಲ್ಲಿ 13ನೆಯ ಶತಮಾನದಲ್ಲಿ ಸಂಗೀತರತ್ನಾಕರವನ್ನು ರಚಿಸಿದ ಶಾರ್ಙ್ಗದೇವನು, ಗಾಯಕರ ದೋಷಗಳನ್ನು 25 ಎಂದು ಎಣಿಸಿ, ಮೂಗಿನಿಂದ ಹಾಡುವ ಸಾನುನಾಸಿಕನನ್ನೂ ಆ ಪಂಕ್ತಿಯಲ್ಲಿ ಕೂರಿಸಿದ್ದಾನೆ. ಆತನ ಹೆಸರಿನ ನಡುವೆಯೇ ನಮ್ಮ ನಿರುದ್ಯೋಗಿ ಙಕಾರ ಕುಳಿತಿರುವುದನ್ನು ಓದುಗರು ಗಮನಿಸಿರಬಹುದು. ಮೂಗಿನ ಧ್ವನಿಯಿಲ್ಲದೆ ತನ್ನ ಹೆಸರನ್ನೇ ಹೇಳಲಾರದವನು ಮೂಗಿನಿಂದ ಹಾಡುವವರನ್ನು ದೂಷಿಸಿದನಲ್ಲ! ಆದರೆ ದೋಷವಾಗುವುದು ಕಂಠಕ್ಕೆ ಮಾತ್ರ. ಈ ಭಾಗದ ಮದುವೆಯ ಹಂದರದಲ್ಲಿ ಬೆಳಗಿನ ಜಾವಕ್ಕೆ ಮೊಳಗುವ ಸನಾದಿಯ ನಾದದಲ್ಲಿ ಆ ಮೂಗುಸ್ವರವಿಲ್ಲದಿದ್ದರೆ ಅದನ್ನು ಮಂಗಳವಾದ್ಯವೆಂದು ಯಾರು ತಾನೆ ಒಪ್ಪಿಕೊಂಡಾರು? ಕುಲಗೋಡ ತಮ್ಮಣ್ಣನಿಂದ ರಂಗರೂಪಕ್ಕೆ ಬಂದ ಶ್ರೀಕೃಷ್ಣ ಪಾರಿಜಾತವನ್ನು ಇರುಳಿಡೀ ಹಾಡುವವರಲ್ಲಿಯೂ, ಏರುಶ್ರುತಿಯನ್ನು ದೂರದ ಕೇಳುಗನಿಗೆ ಮುಟ್ಟಿಸುವ ಭರದಲ್ಲಿ ಸ್ವರವು ಮೂಗಿನ ಕಡೆಗೆ ಸ್ವಲ್ಪ ವಾಲಿದರೆ, ಗೋಕಾವಿಯ ಕೇಳುಗನು ಶಾರ್ಙ್ಗದೇವನನ್ನು ನೆನೆದು ಎದ್ದುಹೋಗಲಾರನು.

ಇನ್ನು ಮೊದಲು ಎತ್ತಿದ ತೋಂಟದ ವಿಷಯ. ದೀರ್ಘಸ್ವರದ ಮುಂದೆ ಬಂದ ಸೊನ್ನೆಯನ್ನು ಕನ್ನಡ ಮೆಲ್ಲಗೆ ಉದುರಿಸಿಕೊಂಡು ಬಂದಿದೆ: ದಾಂಟು ದಾಟಾಯಿತು, ನೂಂಕು ನೂಕಾಯಿತು, ಮೀಂಟು ಮೀಟಾಯಿತು, ಬೇಂಟೆ ಬೇಟೆಯಾಯಿತು. ಹ್ರಸ್ವದ ಮುಂದಿನ ಸೊನ್ನೆಯಾದರೋ ಗಂಟು, ನಂಟು, ಎಂಟು, ತುಂಟಗಳಲ್ಲಿ ಗಟ್ಟಿಯಾಗಿ ಕುಳಿತಿದೆ. ದೀರ್ಘದ ಮುಂದಿದ್ದೂ ಬಿಡದೆ ಅಂಟಿಕೊಂಡಿರುವ ‘ಸೋಂಕು’ ತನ್ನ ಅರ್ಥಕ್ಕೆ ತಕ್ಕಂತೆ ನಡೆದುಕೊಂಡಿದೆಯೆನ್ನಬೇಕು. ತೆಲುಗರು ಇಂಥ ಮಾತುಗಳಲ್ಲಿ ಧ್ವನಿ ಹೋದರೂ ಅದರ ನೆನಪಿಗೆ ಅರಸುನ್ನವೆಂಬ ಅರ್ಧವೃತ್ತವನ್ನು ಬಹುಕಾಲ ಇಟ್ಟುಕೊಂಡಿದ್ದರು. ಕನ್ನಡಿಗರು ಅಂಥ ಯಾವ ಶ್ರಾದ್ಧವನ್ನೂ ಮಾಡಲಿಲ್ಲ. ನಮ್ಮ ನೆರೆಯ ಮರಾಠಿಯವರು ನುಡಿಯದ ಅನುಸ್ವಾರಗಳನ್ನು ಬರವಣಿಗೆಯಲ್ಲಿ ಹೊತ್ತುಕೊಂಡು ಬಂದು, 1962ರ ಲೇಖನನಿಯಮಗಳಿಂದ ಒಮ್ಮೆಗೇ ಇಳಿಸಿ, ‘ಗಾಂವ’ವನ್ನು ‘ಗಾವ’ವೆಂದೂ ‘ನಾಂವ’ವನ್ನು ‘ನಾವ’ವೆಂದೂ ಬರೆಯತೊಡಗಿದರು.

ಈ ಗಾಂವದ ಕಥೆ ನಮ್ಮ ಜಿಲ್ಲೆಯ ಹೆಸರಿನ ಕಥೆಯೂ ಅಹುದು. ಶಾಸನಗಳ ‘ವೇಣುಗ್ರಾಮ’ದಲ್ಲಿ ಕೊನೆಯ ಮಕಾರ ಪೂರ್ಣ ಅನುನಾಸಿಕ. ಗ್ರಾಮವು ಗಾಂವವಾಗುವಾಗ ಆ ಮಕಾರ ಕರಗಿ, ತುಟಿಯ ಪಾಲು ವಕಾರಕ್ಕೂ ಮೂಗಿನ ಪಾಲು ಹಿಂದಿನ ಸ್ವರಕ್ಕೂ ಹಂಚಿಹೋಯಿತು. ಮರಾಠಿಯ ‘ಬೆಳಗಾಂವ’ವನ್ನು ಕೇಳಿದ ಇಂಗ್ಲಿಷರು ಮೂಗಿನ ಸ್ವರಕ್ಕೆ ತಮ್ಮಲ್ಲಿ ಗುರುತು ಕಾಣದೆ ಕೊನೆಗೆ ಮತ್ತೊಂದು ಮಕಾರವನ್ನೇ ಇಟ್ಟು ‘ಬೆಲ್ಗಾಮ್’ ಎಂದು ಬರೆದುಕೊಂಡರು. 2014ರ ನವೆಂಬರ್ 1ರಂದು ಸರಕಾರಿ ಕಾಗದಗಳಲ್ಲೆಲ್ಲ ಕನ್ನಡದ ‘ಬೆಳಗಾವಿ’ ಸ್ಥಿರವಾದಾಗ, ಹೋದುದು ಪರಕೀಯರ ಕಾಗುಣಿತವೆಂದು ಎಲ್ಲರೂ ಸಂತೋಷಪಟ್ಟರು, ನಾನೂ ಪಟ್ಟೆನು. ಗ್ರಾಮದ ಮಕಾರದಿಂದ ಹೇಗೋ ಬದುಕಿಬಂದಿದ್ದ ಅನುನಾಸಿಕವೂ ಅದರೊಡನೆ ಹೋಯಿತೆಂಬುದನ್ನು ಯಾರೂ ಎಣಿಸಿದಂತೆ ಕಾಣೆ.

ಹೋಗುವುದು ಈ ಧ್ವನಿಯ ಸ್ವಭಾವವೇ ಇರಬೇಕು. ಪಾಣಿನಿಯು ತನ್ನ ಧಾತುಪಾಠಾದಿ ಉಪದೇಶಗಳಲ್ಲಿ ಲೋಪವಾಗತಕ್ಕ ಸ್ವರಗಳನ್ನು ತೋರಿಸಲು ಅವುಗಳನ್ನು ಅನುನಾಸಿಕವಾಗಿ ನುಡಿದಿದ್ದನು. ವೇದಮಂತ್ರದ ಒಂದು ಉದಾತ್ತವನ್ನೂ ಕಳೆಯದೆ ಸಹಸ್ರಾರು ವರ್ಷ ಸಾಗಿಸಿದ ಈ ದೇಶದ ಕಂಠಪಾಠದ ಪರಂಪರೆಯಲ್ಲಿ ಆ ಮೂಗುಸ್ವರಗಳು ಮಾತ್ರ ಉಳಿಯಲಿಲ್ಲ. ಯಾವ ಸ್ವರ ಅನುನಾಸಿಕವೆಂಬುದನ್ನು ಈಗ ಕಿವಿಯಿಂದ ಕೇಳಿ ತಿಳಿಯುವಂತಿಲ್ಲ, ಹಿಂದಿನವರು ಹಾಗೆಂದು ಹೇಳಿದ್ದಾರೆಂಬುದರಿಂದಲೇ ತಿಳಿಯಬೇಕೆಂದು ಪಾಣಿನೀಯರೇ ಒಪ್ಪಿಕೊಂಡಿದ್ದಾರೆ. ಶಾಸ್ತ್ರಜ್ಞರ ಕಾವಲಿನಲ್ಲಿದ್ದುದರ ಪಾಡೇ ಹೀಗಾದ ಮೇಲೆ, ‘ಜ್ಞಾನ’ವನ್ನು ‘ಗ್ಯಾನ’ವೆಂದು ನುಡಿದು ಅದರೊಳಗಿನ ಞಕಾರವನ್ನು ಕಳೆದುಕೊಂಡು, “ಗ್ಯಾನ ಎಲ್ಲಿ ಐತಿ ನಿಂದು?” ಎಂದು ಮಗನನ್ನು ಗದರಿಸುವ ತಾಯಿಯಲ್ಲಿ ತಪ್ಪೆಣಿಸುವುದು ಹೇಗೆ?

ಆದರೆ ಆ ತಾಯಿಯೇ ಞಕಾರವನ್ನು ಬೇರೆಡೆ ಕಾಪಾಡಿದ್ದಾಳೆ, ಮತ್ತು ನನ್ನ ಮಟ್ಟಿಗೆ ಅನುನಾಸಿಕದ ನಿಜವಾದ ಮನೆಯಿರುವುದು ಅಲ್ಲಿಯೇ. ಮಲಗುವ ಹೊತ್ತಿಗೆ ಕಥೆ ಹೇಳುವ ಮುದುಕಿಗೆ ಕೇಳುವವರು ಹೂಂಗುಟ್ಟುತ್ತಿರಬೇಕು; ಹೂಂಕಾರ ನಿಂತಿತೆಂದರೆ ರಾಜಕುಮಾರ ಏಳು ಸಮುದ್ರದ ನಡುವೆ ಇದ್ದರೂ ಕಥೆಯೂ ನಿಂತು, “ನಿದ್ದಿ ಹತ್ತಿತೇನ?” ಎಂಬ ವಿಚಾರಣೆ ಬರುತ್ತದೆ. ಈ ಹೂಂಕಾರದಲ್ಲಿ ಬಾಯಿ ಬಹುಮಟ್ಟಿಗೆ ಮುಚ್ಚಿಯೇ ಇರುವುದರಿಂದ ಪಾಣಿನಿಯ ಲಕ್ಷಣ ಇದಕ್ಕೆ ಪೂರ್ತಿ ಹೊಂದಲಾರದು. ಆದರೂ ನಮ್ಮ ದಿನದ ಮಾತುಕತೆಯಲ್ಲಿ ಇದರಷ್ಟು ದುಡಿಯುವ ನುಡಿ ಮತ್ತೊಂದಿಲ್ಲ. ಬರೆಯಹೊರಟವನಿಗೆ ಮಾತ್ರ ತೊಡಕು. ನಾಗರಿಯ ಅರ್ಧಚಂದ್ರಬಿಂದುವಿನಂತೆ ಸ್ವರವನ್ನು ಮೂಗಿಗೇರಿಸುವ ಚಿಹ್ನೆ ಕನ್ನಡದ ರೂಢಿಯ ಬರವಣಿಗೆಯಲ್ಲಿಲ್ಲ. ‘ಹೂಂ’ ಎಂದು ಸೊನ್ನೆಯಿಟ್ಟರೆ ಓದುವವನು ‘ಹೂಮ್’ ಎಂದು ತುಟಿ ಕಚ್ಚುತ್ತಾನೆ. ಬೆಟಗೇರಿಯ ಕೃಷ್ಣಶರ್ಮರಿಂದ ಮಲಾಮರಡಿಯ ಬಸವರಾಜ ಕಟ್ಟೀಮನಿಯವರವರೆಗೆ ಈ ಮಣ್ಣಿನ ಆಡುಮಾತನ್ನು ಅಚ್ಚಿಗೆ ತಂದವರಿರುವಲ್ಲಿ, ಕನ್ನಡದ ಕಥೆಗಾರರೂ ನಾಟಕಕಾರರೂ ಒಟ್ಟಾಗಿ ಕಂಡುಕೊಂಡ ಉಪಾಯವೆಂದರೆ ‘ಹ್ಞಾಂ’, ‘ಹ್ಞೂಂ’ ಎಂದು ಹಕಾರದ ಅಡಿಯಲ್ಲಿ ಞಕಾರವನ್ನು ಇಡುವುದು. ಯಾವ ಸೂತ್ರದ ಅಪ್ಪಣೆಯೂ ಇಲ್ಲದ ಈ ಸಂಯುಕ್ತಾಕ್ಷರವನ್ನು ಓದುಗನೂ ಯಾರ ಬೋಧನೆಯೂ ಇಲ್ಲದೆ ಸರಿಯಾಗಿ ಮೂಗಿನಿಂದಲೇ ಓದಿಕೊಳ್ಳುತ್ತಾನೆ.

ಇಷ್ಟಾದರೂ ಹೂಂಕಾರಗಳ ಭೇದವೆಲ್ಲ ಬರವಣಿಗೆಗೆ ಸಿಕ್ಕುವುದಿಲ್ಲ. ಮೊಟಕಾಗಿ ಕೆಳಗಿಳಿದರೆ ಸಮ್ಮತಿ, ಮೇಲಕ್ಕೇರಿದರೆ ಪ್ರಶ್ನೆ, ಎರಡಾಗಿ ಒಡೆದು ‘ಊಂಹೂಂ’ ಎಂದಾದರೆ ನಿರಾಕರಣೆ. ಇವು ಕೂಸುಗಳಿಗೂ ತಿಳಿಯುತ್ತವೆ. ಕಷ್ಟವಾದದ್ದು ನಾಲ್ಕನೆಯದು. ಕನ್ಯೆ ನೋಡಲು ಬಂದವರು ಕೊಡುಕೊಳ್ಳುವ ಮಾತು ತೆಗೆದಾಗ ಮನೆಯ ಹಿರಿಯನು ಅಡಕೆಯನ್ನು ದವಡೆಯಿಂದ ದವಡೆಗೆ ಸರಿಸುತ್ತ, ಕಣ್ಣನ್ನು ತೊಲೆಯ ಕಡೆಗೆ ಎತ್ತಿ, ಏರದೆ ಇಳಿಯದೆ ಒಂದೇ ಶ್ರುತಿಯಲ್ಲಿ ನೀಳವಾಗಿ ಎಳೆಯುವ ಹೂಂಕಾರವದು. ಅದನ್ನು ಕೇಳಿದ ಬೀಗರಾಗಬೇಕಾದವರು ಸಕ್ಕರೆಯ ಪೊಟ್ಟಣವನ್ನು ಬಿಚ್ಚದೆ, ಚಹ ಕುಡಿದು, ಊರಿನ ಮಳೆ ಬೆಳೆ ವಿಚಾರಿಸಿ, ಮರುವಾರ ಬೇರೆ ಊರಿನ ಕನ್ಯೆಯನ್ನು ನೋಡಲು ಹೋಗುತ್ತಾರೆ.